ಸ್ವರ್ಗ ಎಂಬ ಊರಿಗೆ ವಿಳಾಸ ಯಾವುದು?

ಸ್ವರ್ಗಕ್ಕೆ ರಸ್ತೆ ಇದೆ, ಬಸ್ಸೂ ಹೋಗುತ್ತದೆ ಅಂದರೆ ಇಲ್ಲಿ ಮಟ್ಟಾಂಚೇರಿಯಲ್ಲಿ ಯಾರೂ ನಂಬುವುದಿಲ್ಲ. ತಮಾಷೆ ಅಂದುಕೊಳ್ಳುತ್ತಾರೆ. ಕಾಸರಗೋಡಿನ ಉತ್ತರ ಭಾಗದವರಿಗೆ ಮಾತ್ರ ಇದು ತೀರಾ ಹಳೇ ಜೋಕು. ಪೆರ್ಲದಿಂದ ಅರ್ಲಪದವು, ಪಾಣಾಜೆ ಮೇಲಾಗಿ ಪುತ್ತೂರಿಗೆ ಹೋಗುವ ದಾರಿಯಲ್ಲಿ, ಕರ್ನಾಟಕದ ಗಡಿಗೆ ಸ್ವಲ್ಪ ಮೊದಲು ಸ್ವರ್ಗ ಅಂತ ಒಂದು ಊರು ನಿಜವಾಗಿಯೂ ಇದೆ. ಪುಣ್ಯ ಬೇಡ, ಟಿಕೆಟ್ ಸಾಕು!

ಜೋಕು ಇರಲಿ. ನಾನು ಹೇಳಹೊರಟದ್ದು ಬೇರೆ. ಈ ಸ್ವರ್ಗಕ್ಕೆ ಸ್ವಂತ ಪಂಚಾಯತ್ ಇಲ್ಲ. ಅದು ಇರುವುದು ಎಣ್ಮಕಜೆ ಗ್ರಾಮ ಪಂಚಾಯತಿನಲ್ಲಿ, ಅದರ ಕಚೇರಿ ಪೆರ್ಲದಲ್ಲಿ. ಸ್ವರ್ಗ ಒಂದು ಕಂದಾಯ ಗ್ರಾಮವೂ ಅಲ್ಲ, ಗ್ರಾಮ ಪಡ್ರೆ. ಜನಗಣತಿಯವರು ಲೆಕ್ಕ ಕೊಡುವುದು ಕಂದಾಯ ಗ್ರಾಮಕ್ಕೆ. ಹಾಗಾಗಿ ಸ್ವರ್ಗದ ಜನಸಂಖ್ಯೆ ಎಷ್ಟು ಅಂತ ಕೇಳಿದರೆ ಸರ್ಕಾರದ ಪುಸ್ತಕದಲ್ಲಿ ಉತ್ತರ ಸಿಗುವುದಿಲ್ಲ. ಇಷ್ಟು ಮನೆ, ಇಷ್ಟು ಅಂಗಡಿ, ಒಂದು ಶಾಲೆ, ಒಂದು ಬಸ್ ಸ್ಟಾಪು, ಇವೆಲ್ಲ ಕಣ್ಣಿಗೆ ಕಾಣುತ್ತವೆ. ಕಾಗದದ ಮೇಲೆ ಮಾತ್ರ ಊರು ಇಲ್ಲ.

ಇಂಥ ಊರುಗಳು ಕಾಸರಗೋಡಿನಲ್ಲಿ ನೂರಾರು. ನಮ್ಮಲ್ಲಿ ಹೆಚ್ಚಿನವರು ಹುಟ್ಟಿದ್ದು ಅಂಥದ್ದೇ ಒಂದರಲ್ಲಿ. ಕೊಚ್ಚಿ, ತಿರುವನಂತಪುರ, ಬೆಂಗಳೂರು, ಮುಂಬಯಿ ಅಂತ ಬಂದು ನೆಲೆಸಿದ ಮೇಲೆ "ಯಾವ ಊರು?" ಅಂದರೆ ನಾವು "ಕಾಸರಗೋಡು" ಅಂದುಬಿಡುತ್ತೇವೆ. ಬಿಡಿಸಿ ಹೇಳುವ ತಾಳ್ಮೆ ನಮಗೂ ಇಲ್ಲ, ಕೇಳುವವರಿಗೂ ಇಲ್ಲ. ಆದರೆ ಪಂಚಾಯತ್ ಇಲ್ಲದ, ಗಡಿಕಲ್ಲು ಇಲ್ಲದ, ಲೆಕ್ಕದಲ್ಲಿ ಇಲ್ಲದ ಊರಿಗೆ ಇರುವ ಒಂದೇ ಆಸ್ತಿ ಅದರ ಹೆಸರು. ಅದನ್ನು ನಾವೇ ಬಿಟ್ಟುಕೊಟ್ಟರೆ ಊರು ಉಳಿಯುವುದು ಎಲ್ಲಿ? ಇದು ನನ್ನ ವಾದ. ಭಾವುಕತೆಯಿಂದ ಹೇಳುತ್ತಿಲ್ಲ, ಲೆಕ್ಕ ಹಾಕಿಯೇ ಹೇಳುತ್ತಿದ್ದೇನೆ.

ಮಂಡ್ಯ, ತುಮಕೂರು, ಧಾರವಾಡ ಕಡೆಯ ಓದುಗರಿಗೆ ಒಂದು ವಿಷಯ ಬಿಡಿಸಿ ಹೇಳಬೇಕು. ನಿಮ್ಮ ಕಡೆ ಊರು ಅಂದರೆ ಮನೆಗೆ ಮನೆ ಅಂಟಿಕೊಂಡ ಬೀದಿಗಳು, ಸುತ್ತಲೂ ಹೊಲ. ಊರು ಎಲ್ಲಿ ಶುರುವಾಯಿತು, ಎಲ್ಲಿ ಮುಗಿಯಿತು ಅಂತ ಕುರುಡನಿಗೂ ಗೊತ್ತಾಗುತ್ತದೆ. ನಮ್ಮ ಕಡೆ ಹಾಗಲ್ಲ. ಗುಡ್ಡದ ಬುಡದಲ್ಲಿ ಒಂದು ಮನೆ, ಮನೆಯ ಕೆಳಗೆ ಅಡಿಕೆ ತೋಟ, ತೋಟದ ಆಚೆ ತೋಡು, ತೋಡಿನ ಆಚೆ ಇನ್ನೊಂದು ತೋಟ, ಅದರ ಮೇಲೆ ಇನ್ನೊಂದು ಮನೆ. ಕೂಗಿದರೆ ಕೇಳುವಷ್ಟು ದೂರ, ಕೆಲವೊಮ್ಮೆ ಅಷ್ಟೂ ಇಲ್ಲ. ಒಂದೊಂದು ಮನೆಯ ಹಿತ್ತಲಿಗೂ ಒಂದೊಂದು ಹೆಸರು. ಹತ್ತಾರು ಹಿತ್ತಲು ಸೇರಿದ ಜಾಗಕ್ಕೆ ಇನ್ನೊಂದು ಹೆಸರು. ರಸ್ತೆ ಬದಿಯಲ್ಲಿ ಮೂರು ಅಂಗಡಿ ಬಂದರೆ ಅದೇ ಪೇಟೆ. ಊರಿನ ಗಡಿ ಇರುವುದು ಜನರ ಬಾಯಲ್ಲಿ.

ಆ ಹೆಸರುಗಳೂ ಸುಮ್ಮನೆ ಇಟ್ಟವಲ್ಲ. ಕಾಸರಗೋಡಿನಲ್ಲಿ ವರ್ಷಕ್ಕೆ ಸುಮಾರು 3,500 ಮಿ.ಮೀ. ಮಳೆ. ಆದರೆ ನೆಲ ಮುರಕಲ್ಲಿನದು, ಇಳಿಜಾರು ಬೇರೆ. ಜೂನ್‌ನಿಂದ ಸೆಪ್ಟೆಂಬರ್ ತನಕ ಸುರಿದ ನೀರು ಹೆಚ್ಚಿನದು ಸಮುದ್ರಕ್ಕೆ ಓಡಿಬಿಡುತ್ತದೆ. ಮಾರ್ಚ್ ಬಂತೆಂದರೆ ಕೊಡಪಾನ ಹಿಡಿದು ಅಲೆಯಬೇಕು. ಇಂಥ ಜಾಗದಲ್ಲಿ ಬದುಕುವವನಿಗೆ ಮೊದಲು ಗೊತ್ತಿರಬೇಕಾದದ್ದು ನೆಲ ಯಾವ ಥರದ್ದು, ನೀರು ಎಲ್ಲಿ ನಿಲ್ಲುತ್ತದೆ ಅಂತ. ಹಿರಿಯರು ಅದನ್ನು ಹೆಸರಿನಲ್ಲೇ ಬರೆದಿಟ್ಟರು. ಅಡ್ಕ ಅಂದರೆ ಸಾಗುವಳಿ ಇಲ್ಲದ ಬಯಲು, ದನ ಮೇಯಲು ಬಿಡುವ ಜಾಗ. ಪದವು ಅಂದರೆ ಗುಡ್ಡದ ನೆತ್ತಿಯ ಸಮತಟ್ಟು. ಬೈಲು ಅಂದರೆ ಎರಡು ಗುಡ್ಡಗಳ ನಡುವಿನ ಗದ್ದೆ. ಮೂಲೆ, ಕೋಡಿ, ಗುಂಡಿ... ಬದಿಯಡ್ಕ, ಕಾರಡ್ಕ, ಏತಡ್ಕ, ಅಡ್ಕಸ್ಥಳ, ಅರ್ಲಪದವು. ಬಸ್ಸಿನ ಕಂಡಕ್ಟರ್ ಒಂದೊಂದೇ ಸ್ಟಾಪು ಕೂಗುತ್ತಾ ಹೋದರೆ ಅದೇ ಒಂದು ಭೂಗೋಳದ ಪಾಠ.

ಇಲ್ಲಿ ಒಂದು ಮಾತು ಪ್ರಾಮಾಣಿಕವಾಗಿ ಹೇಳಬೇಕು. ಈ ಹೆಸರುಗಳೆಲ್ಲ ಕನ್ನಡದವು ಅಂತ ಎದೆ ತಟ್ಟಿಕೊಳ್ಳುವ ಹಾಗಿಲ್ಲ. ಎಷ್ಟೋ ತುಳುವಿನವು. ಮಲಯಾಳ, ಕೊಂಕಣಿ, ಮರಾಠಿ, ಬ್ಯಾರಿ ಮಾತಾಡುವವರೂ ಅಲ್ಲಿ ತಲೆಮಾರುಗಳಿಂದ ಇದ್ದಾರೆ. ಸಪ್ತಭಾಷಾ ಸಂಗಮ ಅಂತ ಭಾಷಣದಲ್ಲಿ ಹೇಳುತ್ತೇವಲ್ಲ, ಅದು ನಿಜವಾಗಿ ಇರುವುದು ಈ ಊರಿನ ಹೆಸರುಗಳಲ್ಲೇ. ಕನ್ನಡ ಲಿಪಿ ಅವನ್ನೆಲ್ಲ ಸುಮಾರಾಗಿ ಸರಿಯಾಗಿ ಹಿಡಿದಿಟ್ಟಿತ್ತು, ಅಷ್ಟೇ ಅದರ ಹೆಚ್ಚುಗಾರಿಕೆ.

ನೀರಿನ ಮಾತು ಬಂದದ್ದಕ್ಕೆ ಸುರಂಗದ ವಿಷಯ ಹೇಳದೆ ಮುಂದೆ ಹೋಗಲಾರೆ. ಗುಡ್ಡದ ಬದಿಯಿಂದ ಒಳಕ್ಕೆ, ಅಡ್ಡಕ್ಕೆ, ಒಬ್ಬ ಮನುಷ್ಯ ನುಸುಳುವಷ್ಟು ಅಗಲಕ್ಕೆ ಮುರಕಲ್ಲನ್ನು ಕೊರೆಯುತ್ತಾ ಹೋಗುವುದು. ಕೋಲು ಲೆಕ್ಕದಲ್ಲಿ ಅಳತೆ. ಒಳಗೆ ಒಸರು ಸಿಕ್ಕಿದರೆ ನೀರು ತಾನಾಗಿ ಹರಿದು ಹೊರಗೆ ಬರುತ್ತದೆ, ಪಂಪೂ ಬೇಡ, ಕರೆಂಟೂ ಬೇಡ. ಬಾಯಾರು, ಮಾಣಿಲ, ಪಡ್ರೆ ಸುತ್ತಮುತ್ತ ಇಂಥ ಸುರಂಗಗಳು ಎಷ್ಟೋ ಮನೆಗಳಿಗೆ ಇವತ್ತಿಗೂ ಕುಡಿಯುವ ನೀರು ಕೊಡುತ್ತಿವೆ. ಇನ್ನೊಂದು ಕಟ್ಟ. ಮಳೆ ನಿಂತ ಮೇಲೆ ತೋಡಿಗೆ ಅಡ್ಡಲಾಗಿ ಕಲ್ಲು ಮಣ್ಣು ಹಾಕಿ ನೀರು ನಿಲ್ಲಿಸುವುದು, ಮಳೆಗಾಲಕ್ಕೆ ಮೊದಲು ಬಿಡಿಸುವುದು. ಒಬ್ಬರ ಕೆಲಸ ಅಲ್ಲ, ತೋಡಿನ ಎರಡೂ ಬದಿಯವರು ಸೇರಬೇಕು. ಏತಡ್ಕದವರು ಇದನ್ನು ಇವತ್ತಿನವರೆಗೂ ಚೆನ್ನಾಗಿ ಉಳಿಸಿಕೊಂಡು ಬಂದಿದ್ದಾರೆ. ನೋಡಿ, ಪಂಚಾಯತ್ ಕಾನೂನು ಬರುವ ಮೊದಲೇ ಇಂಥ ಸಣ್ಣ ಊರುಗಳಿಗೆ ಒಂದು ಆಡಳಿತ ಇತ್ತು. ಅದರ ಕಚೇರಿ ತೋಡಿನ ಬದಿಯಲ್ಲಿತ್ತು.

ಇನ್ನು ಚರಿತ್ರೆ. ಕುಂಬಳೆ ಅರಸರ ಸೀಮೆ ಇದು. 1799ರಲ್ಲಿ ಟಿಪ್ಪು ಬಿದ್ದ ಮೇಲೆ ಕಂಪನಿಯ ಕೈಗೆ ಹೋಯಿತು. ಮುಂದೆ ಮದರಾಸಿನ ದಕ್ಷಿಣ ಕೆನರಾ ಜಿಲ್ಲೆ, ಕಾಸರಗೋಡು ತಾಲೂಕು. 1956 ನವೆಂಬರ್ 1ರಂದು ಕಾಸರಗೋಡು ತಾಲೂಕು ಕೇರಳಕ್ಕೆ ಸೇರಿ ಮಲಬಾರ್ ಜಿಲ್ಲೆಯ ಪಾಲಾಯಿತು. ಎರಡು ತಿಂಗಳು ಕಳೆದು 1957 ಜನವರಿಯಲ್ಲಿ ಮಲಬಾರ್ ಮೂರು ಭಾಗ ಆದಾಗ ಕಣ್ಣೂರು ಜಿಲ್ಲೆ. 1984 ಮೇ 24ರಂದು ಕಾಸರಗೋಡು ಜಿಲ್ಲೆ. 2014ರಲ್ಲಿ ಮಂಜೇಶ್ವರ ತಾಲೂಕು. ಊರು ಒಂದಿಂಚೂ ಅಲುಗಾಡಲಿಲ್ಲ, ಆರು ದಶಕ ತುಂಬುವ ಮೊದಲೇ ಅದರ ವಿಳಾಸ ನಾಲ್ಕು ಸಲ ಬದಲಾಯಿತು! 1967ರಲ್ಲಿ ಮಹಾಜನ ಆಯೋಗ ಚಂದ್ರಗಿರಿ ಹೊಳೆಯ ಉತ್ತರದ ಭಾಗ ಕರ್ನಾಟಕಕ್ಕೆ ಸೇರಬೇಕು ಅಂತ ವರದಿ ಕೊಟ್ಟಿತು, ಅದು ಜಾರಿಗೆ ಬರಲಿಲ್ಲ. ಕಯ್ಯಾರ ಕಿಞ್ಞಣ್ಣ ರೈಗಳು ನೂರು ವರ್ಷ ಬದುಕಿ 2015ರಲ್ಲಿ ತೀರಿಕೊಳ್ಳುವವರೆಗೂ ಆ ನೋವನ್ನು ಬಿಡಲಿಲ್ಲ. ನಾನು ಆ ಹಳೇ ಕೇಸನ್ನು ಇಲ್ಲಿ ಮತ್ತೆ ತೆರೆಯುತ್ತಿಲ್ಲ. ರಾಜ್ಯ, ಜಿಲ್ಲೆ, ತಾಲೂಕು ಎಲ್ಲ ಬದಲಾದಾಗಲೂ ಬದಲಾಗದೆ ನಿಂತದ್ದು ಕಟ್ಟಕಡೆಯ ಸಾಲು, ಅಂದರೆ ಊರಿನ ಹೆಸರು ಮಾತ್ರ. ಅದನ್ನು ಗಮನಿಸಿ ಅಂತ ಹೇಳುತ್ತಿದ್ದೇನೆ.

"ಹೆಸರಿನಲ್ಲಿ ಏನಿದೆ ಸ್ವಾಮಿ, ಹೊಟ್ಟೆಗೆ ಹಿಟ್ಟು ಮುಖ್ಯ" ಅನ್ನುವವರಿದ್ದಾರೆ. ಅವರಿಗೆ ಪಡ್ರೆಯ ಕಥೆ ಹೇಳಬೇಕು.

ಅಲ್ಲಿನ ಗುಡ್ಡಗಳ ಮೇಲೆ ಕೇರಳ ಪ್ಲಾಂಟೇಶನ್ ಕಾರ್ಪೊರೇಶನ್ನಿನ ಗೇರು ತೋಟ. 1970ರ ದಶಕದ ಕೊನೆಯಿಂದ 2000ದ ತನಕ ಅದರ ಮೇಲೆ ಹೆಲಿಕಾಪ್ಟರಿನಿಂದ ಎಂಡೋಸಲ್ಫಾನ್ ಸಿಂಪಡಿಸಿದರು. ವಿಷ ಗುಡ್ಡದ ನೆತ್ತಿಗೆ ಬಿತ್ತು, ಮಳೆಗೆ ತೊಳೆದು ತೋಡಿಗೆ ಇಳಿಯಿತು, ತೋಡಿನ ಬದಿಯ ಮನೆಗಳಿಗೆ ಬಂತು. ಮೊದಲು ಕರುಗಳು ಅಂಗ ಊನವಾಗಿ ಹುಟ್ಟಿದವು, ಆಮೇಲೆ ಮಕ್ಕಳು. ಇದನ್ನು ಮೊದಲು ಕಂಡದ್ದು ಯಾರು? ತಿರುವನಂತಪುರದ ಇಲಾಖೆಯಲ್ಲ. ಪಡ್ರೆಯಲ್ಲೇ ಇದ್ದ ಪತ್ರಕರ್ತ ಶ್ರೀ ಪಡ್ರೆ ಮತ್ತು ವಾಣೀನಗರದಲ್ಲಿ ಸಣ್ಣ ಕ್ಲಿನಿಕ್ ಇಟ್ಟುಕೊಂಡಿದ್ದ ಡಾ. ವೈ.ಎಸ್. ಮೋಹನ ಕುಮಾರ್. ಇಂಥ ಕಾಯಿಲೆ ಇಂಥ ತೋಡಿನ ಬದಿಯ ಮನೆಗಳಲ್ಲೇ ಹೆಚ್ಚು ಅನ್ನುವುದು ಹೊಳೆಯಬೇಕಾದರೆ ಯಾವ ತೋಡು, ಯಾವ ಮನೆ, ಯಾವ ಮೂಲೆ ಅಂತ ಗೊತ್ತಿರಬೇಕು. ಜಿಲ್ಲಾ ಮಟ್ಟದ ಲೆಕ್ಕದಲ್ಲಿ ಅದು ಎಂದೂ ಕಾಣುತ್ತಿರಲಿಲ್ಲ. 2001ರಲ್ಲಿ ದೆಹಲಿಯ ವಿಜ್ಞಾನ ಮತ್ತು ಪರಿಸರ ಕೇಂದ್ರ ಪಡ್ರೆಯ ನೀರು, ಮಣ್ಣು, ಜನರ ರಕ್ತ ಎಲ್ಲ ಪರೀಕ್ಷಿಸಿ ವಿಷ ಇದೆ ಅಂತ ಪ್ರಕಟಿಸಿತು. 2011ರ ಮೇ ತಿಂಗಳಲ್ಲಿ ಸುಪ್ರೀಂ ಕೋರ್ಟು ದೇಶಕ್ಕೆಲ್ಲ ಎಂಡೋಸಲ್ಫಾನ್ ನಿಷೇಧಿಸಿತು.

ನಂತರದ ಕಥೆ ಬ್ಯಾಂಕಿನವನಾದ ನನಗೆ ಇನ್ನೂ ಚೆನ್ನಾಗಿ ಅರ್ಥವಾಗುತ್ತದೆ. ಪರಿಹಾರಕ್ಕೆ 11 ಪಂಚಾಯತುಗಳನ್ನು ಗುರುತಿಸಿದರು. ಗಾಳಿಗೆ, ನೀರಿಗೆ ಪಂಚಾಯತಿನ ಗಡಿ ಗೊತ್ತಿಲ್ಲ, ಕಾಗದಕ್ಕೆ ಗೊತ್ತು. 2017ರ ಜನವರಿಯಲ್ಲಿ ಸುಪ್ರೀಂ ಕೋರ್ಟು ಸಂತ್ರಸ್ತರಿಗೆ ಮೂರು ತಿಂಗಳೊಳಗೆ ತಲಾ 5 ಲಕ್ಷ ಕೊಡಿ ಅಂದಿತು. ಐದು ವರ್ಷ ಕಳೆದು 2022ರ ಮೇ ತಿಂಗಳಲ್ಲಿ ಅದೇ ಕೋರ್ಟು ನೋಡಿದಾಗ 3,704 ಜನರಲ್ಲಿ ಹಣ ಸಿಕ್ಕಿದ್ದು ಕೋರ್ಟಿಗೆ ಬಂದ 8 ಜನರಿಗೆ. ಎಂಟು! ಕಾಗದದಲ್ಲಿ ಇಲ್ಲದವನ ಕೂಗು ಕಚೇರಿಗೆ ಕೇಳುವುದು ಎಷ್ಟು ತಡ ಅನ್ನುವುದಕ್ಕೆ ಇದಕ್ಕಿಂತ ಬೇರೆ ಲೆಕ್ಕ ಬೇಕೇ?

ಇದೇ ಪ್ರದೇಶದ ಮೇಲೆ ಅಂಬಿಕಾಸುತನ್ ಮಾಂಙಾಡ್ 2009ರಲ್ಲಿ ಮಲಯಾಳದಲ್ಲಿ ಕಾದಂಬರಿ ಬರೆದರು. ಹೆಸರು 'ಎಣ್ಮಕಜೆ'. 2017ರಲ್ಲಿ ಅದು ಇಂಗ್ಲಿಷಿಗೆ ಬಂದಾಗ ಹೆಸರು 'ಸ್ವರ್ಗ'. ಮಲಯಾಳಿ ಲೇಖಕರೊಬ್ಬರು ನಮ್ಮ ಊರಿನ ಹೆಸರನ್ನು ಪುಸ್ತಕದ ಮುಖಪುಟಕ್ಕೆ ತಂದರು. ಈ ಋಣ ಮರೆಯಬಾರದು. ಹೆಸರಿನ ವಿಷಯ ಬಂದ ಕೂಡಲೇ ಕೇರಳದವರೆಲ್ಲ ನಮ್ಮ ವೈರಿಗಳು ಅನ್ನುವ ಧಾಟಿ ನನಗೆ ಸರಿ ಕಾಣುವುದಿಲ್ಲ. ಇಪ್ಪತ್ತೈದು ವರ್ಷ ದಾಟಿತು ನಾನು ಕೊಚ್ಚಿಯಲ್ಲಿ ನೆಲೆಸಿ. ಅನ್ನ, ನೆರೆಹೊರೆ, ಮಕ್ಕಳ ಓದು ಎಲ್ಲ ಇಲ್ಲಿಯದೇ.

2021ರ ಜೂನ್‌ನಲ್ಲಿ ಕಾಸರಗೋಡಿನ ಕನ್ನಡ ಊರುಗಳ ಹೆಸರು ಬದಲಿಸುತ್ತಾರೆ ಅಂತ ದೊಡ್ಡ ಗಲಾಟೆ ಆಯಿತು, ನೆನಪಿರಬಹುದು. ಮಧೂರು ಮಧುರಂ ಆಗುತ್ತದೆ, ಮಲ್ಲ ಮಲ್ಲಂ ಆಗುತ್ತದೆ, ಬೇಡಡ್ಕ ಬೇಡಗಂ ಆಗುತ್ತದೆ ಅಂತೆಲ್ಲ ಪತ್ರಿಕೆಗಳಲ್ಲಿ ಪಟ್ಟಿ ಬಂತು. ಕರ್ನಾಟಕದ ನಾಯಕರು ಪತ್ರ ಬರೆದರು. ಕೇರಳ ಸರ್ಕಾರ ಅಂಥ ಯಾವ ತೀರ್ಮಾನವೂ ಇಲ್ಲ ಅಂದಿತು. ಗಲಾಟೆ ಅಲ್ಲಿಗೆ ತಣ್ಣಗಾಯಿತು. ಆದರೆ ನನ್ನ ಅನುಭವದ ಮಾತು ಹೇಳುತ್ತೇನೆ, ಹೆಸರು ಸಾಯುವುದಕ್ಕೆ ಸರ್ಕಾರದ ಆದೇಶವೇ ಬೇಕಿಲ್ಲ. ಒಬ್ಬ ಗುಮಾಸ್ತ ಸಾಕು.

ಹೇಗೆ ಅಂತ ನೋಡಿ. ಊರಿನವರ ಬಾಯಲ್ಲಿ ಬದಿಯಡ್ಕ. ಅದನ್ನು ಇಂಗ್ಲಿಷಿನಲ್ಲಿ ಬರೆದರು. ಆ ಭಾಷೆಯಲ್ಲಿ ಅಲ್ಪಪ್ರಾಣ, ಮಹಾಪ್ರಾಣ, ಹ್ರಸ್ವ, ದೀರ್ಘ ಯಾವುದಕ್ಕೂ ದಿಕ್ಕಿಲ್ಲ. ಮಲಯಾಳದ ಬೋರ್ಡಿನಲ್ಲಿ ಅದು ಬದಿಯಡುಕ್ಕ. ಕಾರಡ್ಕ ಕಾರಡುಕ್ಕ. ಮಂಜೇಶ್ವರ ಮಂಚೇಶ್ವರಂ. ಕುಂಬಳೆ ಕುಂಬಳ. ಬರೆದವರಿಗೆ ದುರುದ್ದೇಶ ಏನೂ ಇಲ್ಲ, ಅವರ ನಾಲಿಗೆಗೆ ಹಾಗೆ ಬರುತ್ತದೆ. ನಾವೂ ಎರ್ನಾಕುಳಂ, ತಿರುವನಂತಪುರಂಗಳನ್ನು ನಮಗೆ ಬೇಕಾದ ಹಾಗೆ ತಿರುಚುತ್ತೇವೆ. ಆದರೆ ವ್ಯತ್ಯಾಸ ಒಂದಿದೆ. ಎರ್ನಾಕುಳಂ ಅನ್ನು ಯಾರು ಹೇಗೆ ಬರೆದರೂ ಅದು ಎಲ್ಲಿಗೂ ಹೋಗುವುದಿಲ್ಲ. ಹತ್ತಾರು ಮನೆಯ ಅಡ್ಕ ಒಂದು ಸಲ ಅಡುಕ್ಕ ಆಯಿತೆಂದರೆ, ಮುಂದಿನ ತಲೆಮಾರಿಗೆ ಅದು ಬಯಲಿನ ಹೆಸರು ಅಂತ ಯಾರು ಹೇಳಬೇಕು? ಅರ್ಥ ಹೋದ ಮೇಲೆ ಉಳಿಯುವುದು ಬರೀ ಸದ್ದು.

ಈಗ ಕಂಪ್ಯೂಟರಿನ ಕಾಲ ಬೇರೆ. ನನ್ನ ಕಸುಬಿನಲ್ಲಿ ದಿನವೂ ವಿಳಾಸಗಳನ್ನು ನೋಡುತ್ತೇನೆ. 1972ರ ಆಗಸ್ಟ್ 15ರಂದು ಪಿನ್‌ಕೋಡ್ ಬಂದಾಗ ಅದು ಕಾಗದ ಬೇಗ ತಲುಪಲಿ ಅಂತ. ಈಗ ಆರು ಅಂಕಿ ಹೊಡೆದರೆ ಸಾಕು, ಊರು, ಜಿಲ್ಲೆ, ರಾಜ್ಯ ತಾನೇ ತುಂಬಿಕೊಳ್ಳುತ್ತದೆ. ತುಂಬಿಕೊಳ್ಳುವ ಊರು ಅಂಚೆ ಕಚೇರಿ ಇರುವ ಊರು. ನಮ್ಮ ಹಿತ್ತಲಿನ ಹೆಸರು, ಅಡ್ಕದ ಹೆಸರು ಬರೆಯಲು ಒಂದು ಸಾಲು ಇರುತ್ತದೆ, ಅದು ಕಡ್ಡಾಯ ಅಲ್ಲ. ಕಡ್ಡಾಯ ಅಲ್ಲದ್ದನ್ನು ಯಾರು ಬರೆಯುತ್ತಾರೆ? ಖಾಲಿ ಬಿಡುತ್ತಾರೆ. ಹಾಗೆ ಖಾಲಿ ಬಿಟ್ಟ ಸಾಲುಗಳಲ್ಲಿ ಎಷ್ಟು ಊರುಗಳು ಮುಳುಗಿದವೋ!

ನಾನಿರುವ ಮಟ್ಟಾಂಚೇರಿಯನ್ನೇ ತೆಗೆದುಕೊಳ್ಳಿ. ಇದಕ್ಕೂ ಈಗ ಸ್ವಂತ ಆಡಳಿತ ಇಲ್ಲ. ಮೊದಲು ಮಟ್ಟಾಂಚೇರಿ ಮುನಿಸಿಪಾಲಿಟಿ ಅಂತಲೇ ಇತ್ತು. 1967 ನವೆಂಬರ್ 1ರಂದು ಫೋರ್ಟ್ ಕೊಚ್ಚಿ, ಎರ್ನಾಕುಳಂ ಜೊತೆ ಸೇರಿಸಿ ಕೊಚ್ಚಿ ಕಾರ್ಪೊರೇಶನ್ ಮಾಡಿದರು. ಆದರೂ ಇಲ್ಲಿಯವರು ಯಾರೂ "ನಾನು ಕೊಚ್ಚಿಯವನು" ಅನ್ನುವುದಿಲ್ಲ, ಮಟ್ಟಾಂಚೇರಿ ಅಂತಲೇ ಹೇಳುವುದು. ಜ್ಯೂ ಟೌನ್ ನೋಡಿ. 1568ರ ಸಿನಗಾಗ್ ಇದೆ. ಯಹೂದಿಗಳು 1948ರ ನಂತರ ಒಬ್ಬೊಬ್ಬರಾಗಿ ಇಸ್ರೇಲಿಗೆ ಹೋಗಿ ಬಹುತೇಕ ಖಾಲಿಯಾದರು. ಬೀದಿಯ ಹೆಸರು ಉಳಿಯಿತು. ಯಾಕೆ? ಪ್ರವಾಸಿಗಳು ಬರುತ್ತಾರೆ, ಪುಸ್ತಕಗಳಿವೆ, ಅಂಗಡಿ ಬೋರ್ಡುಗಳಿವೆ. ಜನ ಹೋದರೂ ಬರಹ ಹೆಸರನ್ನು ಕಾಪಾಡಿತು. ನಮ್ಮ ಕಡೆ ಇದರ ಉಲ್ಟಾ. ಜನ ಇದ್ದಾರೆ, ತೋಟ ಇದೆ, ತೋಡು ಇದೆ. ಬರೆದಿಟ್ಟವರು ಇಲ್ಲ, ಹೆಸರು ಹೋಗುತ್ತಿದೆ.

ಕೇರಳದವರಿಗೆ ಇದು ಅರ್ಥವಾಗದ ವಿಷಯ ಅಲ್ಲವೇ ಅಲ್ಲ. ತ್ರಿವೇಂಡ್ರಂ ಬೇಡ ತಿರುವನಂತಪುರ ಬೇಕು ಅಂತ 1991ರಲ್ಲಿ ಬದಲಿಸಿದವರು ಅವರು. ನಮ್ಮ ರಾಜ್ಯದ ಹೆಸರು ನಮ್ಮ ನುಡಿಯಲ್ಲಿ ಕೇರಳಂ, ಹಾಗೇ ಬರೆಯಿರಿ ಅಂತ 2023ರಲ್ಲೊಮ್ಮೆ, 2024ರಲ್ಲೊಮ್ಮೆ ವಿಧಾನಸಭೆಯಲ್ಲಿ ಒಮ್ಮತದಿಂದ ನಿರ್ಣಯ ಮಾಡಿದವರೂ ಅವರೇ. ಒಂದು 'ಮ್' ಅಕ್ಷರಕ್ಕಾಗಿ ಇಡೀ ಸಭೆ ಕೈ ಎತ್ತಿತು. ತಪ್ಪೇನೂ ಇಲ್ಲ, ನನಗೆ ಸಂತೋಷವೇ. ನಾವು ಕೇಳುವುದೂ ಅಷ್ಟೇ. ಅಡ್ಕವನ್ನು ಅಡ್ಕ ಅನ್ನಿ.

ಹಾಗಾದರೆ ಮಾಡುವುದೇನು? ದೊಡ್ಡ ಹೋರಾಟ, ಧರಣಿ ಏನೂ ಬೇಡ. ನನಗೆ ತೋಚಿದ ಮೂರು ಕೆಲಸ ಹೇಳುತ್ತೇನೆ.

ಒಂದು, ಕೇರಳದಲ್ಲಿ ವಾರ್ಡುಗಳಿಗೆ ನಂಬರಿನ ಜೊತೆ ಹೆಸರೂ ಇರುತ್ತದೆ. ಪಂಚಾಯತ್ ಇಲ್ಲದ ಸಣ್ಣ ಊರಿನ ಹೆಸರಿಗೆ ಸಿಗಬಹುದಾದ ಒಂದೇ ಸರ್ಕಾರಿ ಕುರ್ಚಿ ಅದು. ಗ್ರಾಮಸಭೆ ನಡೆಯುವುದೂ ಇಲ್ಲಿ ವಾರ್ಡು ಲೆಕ್ಕದಲ್ಲೇ. ಊರಿನಲ್ಲಿರುವ ನಮ್ಮವರು ಆ ಸಭೆಗೆ ಹೋಗಿ ವಾರ್ಡಿನ, ರಸ್ತೆಯ, ಬಸ್ ಸ್ಟಾಪಿನ ಬೋರ್ಡಿನಲ್ಲಿ ಹೆಸರು ಸರಿಯಾಗಿ ಬರಲಿ, ಕನ್ನಡದಲ್ಲೂ ಬರಲಿ ಅಂತ ಬರೆಸಬೇಕು. ಕನ್ನಡಿಗರು ಸರ್ಕಾರದ ಜೊತೆ ಕನ್ನಡದಲ್ಲೇ ವ್ಯವಹರಿಸಲು 1969ರ ಕೇರಳ ಅಧಿಕೃತ ಭಾಷಾ ಕಾನೂನೇ ಅವಕಾಶ ಕೊಟ್ಟಿದೆ. ಇರುವ ಹಕ್ಕನ್ನು ಬಳಸದೆ ಅನ್ಯಾಯ ಅನ್ಯಾಯ ಅಂದರೆ ಯಾರು ಕೇಳುತ್ತಾರೆ?

ಎರಡು, ಫಾರಂ ತುಂಬುವಾಗ ಆ ಖಾಲಿ ಸಾಲನ್ನು ಖಾಲಿ ಬಿಡಬೇಡಿ. ಆಧಾರ್ ಇರಲಿ, ಬ್ಯಾಂಕ್ ಇರಲಿ, ಮಕ್ಕಳ ಸರ್ಟಿಫಿಕೇಟ್ ಇರಲಿ, ಅಂಚೆ ಕಚೇರಿಯ ಹೆಸರಿಗೆ ಮೊದಲು ಊರಿನ ಹೆಸರು ಬರೆಯಿರಿ. ನಾಳೆ ಒಂದು ಪರಿಹಾರವೋ ಒಂದು ದಾವೆಯೋ ಬಂದರೆ ಅದೇ ನಿಮ್ಮ ಸಾಕ್ಷಿ.

ಮೂರು, ಇದು ಮುಖ್ಯವಾಗಿ ಪರವೂರಿನಲ್ಲಿರುವ ನಮಗೆ. ರಜೆಗೆ ಊರಿಗೆ ಹೋದಾಗ ಹಿರಿಯರ ಹತ್ತಿರ ಕೂತು ಹೆಸರುಗಳನ್ನು ಕನ್ನಡದಲ್ಲಿ ಬರೆದುಕೊಳ್ಳಿ. ಗದ್ದೆಯ ಹೆಸರು, ತೋಡಿನ ಹೆಸರು, ಕಟ್ಟ ಹಾಕುತ್ತಿದ್ದ ಜಾಗ, ಸುರಂಗ ಯಾರ ಕಾಲದ್ದು, ಎಷ್ಟು ಕೋಲು, ಶಾಲೆ ಯಾವಾಗ ಬಂತು, ಮೊದಲ ಬಸ್ಸು ಯಾವಾಗ ಬಂತು. ನಾಲ್ಕು ಪುಟ ಆದರೂ ಸಾಕು. ರಾಜರ ಚರಿತ್ರೆ ಬರೆಯಲು ಪ್ರೊಫೆಸರುಗಳಿದ್ದಾರೆ. ಹತ್ತಾರು ಮನೆಯ ಊರಿನ ಚರಿತ್ರೆಯನ್ನು ಆ ಹತ್ತಾರು ಮನೆಯವರೇ ಬರೆಯಬೇಕು, ಬೇರೆ ಯಾರೂ ಬರೆಯುವುದಿಲ್ಲ. ಎಂಬತ್ತು ದಾಟಿದವರು ಇನ್ನೆಷ್ಟು ವರ್ಷ ಇದ್ದಾರು? ಅವರ ಜೊತೆ ಹೋಗುವುದು ಬರೀ ನೆನಪಲ್ಲ, ಒಂದು ಇಡೀ ಸರ್ವೆ ನಕ್ಷೆ.

ಸ್ವರ್ಗದ ತೋಡು ಬೇಸಿಗೆಗೆ ಬತ್ತತೊಡಗಿದಾಗ 2019ರ ಹೊತ್ತಿಗೆ ಪಡ್ರೆಯವರು ಸೇರಿ ಅದನ್ನು ಮತ್ತೆ ಜೀವಂತ ಮಾಡಲು ಕಟ್ಟ, ಇಂಗುಗುಂಡಿ ಅಂತ ಹೊರಟರು. ವಿಷ ತಿಂದು ಬದುಕಿದ ಊರು ನೀರಿಗಾಗಿ ಮತ್ತೆ ಒಟ್ಟು ಸೇರಿತು. ನಾನು ಗಮನಿಸಿದ್ದು ಒಂದೇ ವಿಷಯ. ಯಾವ ತೋಡು, ಯಾವ ಕೈತೋಡು, ಎಲ್ಲಿಂದ ಎಲ್ಲಿಗೆ ಅಂತ ಹೆಸರು ಹಿಡಿದು ಹೇಳುವವರು ಆ ಊರಿನಲ್ಲಿ ಇನ್ನೂ ಇದ್ದರು. ಅದಕ್ಕೇ ಕೆಲಸ ಶುರುಮಾಡಲು ಸಾಧ್ಯವಾಯಿತು. ಹೆಸರೇ ಗೊತ್ತಿಲ್ಲದ ತೋಡನ್ನು ಯಾರು ಉಳಿಸುತ್ತಾರೆ ಹೇಳಿ?

ಇನ್ನು ಮುಂದೆ ಯಾರಾದರೂ "ಯಾವ ಊರು?" ಅಂತ ಕೇಳಿದರೆ ಕಾಸರಗೋಡಿಗೆ ನಿಲ್ಲಿಸಬೇಡಿ. ಪೂರ್ತಿ ಹೇಳಿ. ಕೇಳುವವರಿಗೆ ಬೇಸರ ಬಂದರೆ ಬರಲಿ.